ಬಾಡಿಗೆ ಹಾಯಿ

ಪುಂಡಲೀಕ ಹಳದೀಪುರ, ನನ್ನ ಅಜ್ಜಿಯ ಸೋದರಮಾವ,
ಸಾವಿರದ ಒಂಬೈನೂರ ಹನ್ನೊಂದರಲ್ಲಿ ಮನಾಮಾಕ್ಕೆ ಬಂದಿಳಿದದ್ದು
ಖರ್ಜೂರ ತರಲು ಹೊರಟ ಪತ್ತೆಮಾರಿಯಲ್ಲಿ,
ಹೆಂಚಿನ ರಾಶಿಯ ಮೇಲೆ ಕೂತು.
ಟ್ರಂಕಿನಲ್ಲಿ ಎರಡು ಧೋತ್ರ, ಹುಣಸೆ ಉಂಡೆ,
ಊರಿನ ಕಂಪನಿಯವರು ಬೇಡವೆಂದ ಒಂದು ನಾಟಕ.

ಮುತ್ತಿನ ಸೇಠರ ಪೇಢಿಯಲ್ಲಿ ಲೆಕ್ಕ ಬರೆದ.
ಆ ಖಾತೆಪುಸ್ತಕ ಈಗ ನನ್ನ ಮಡಿಲಲ್ಲಿದೆ:
ಎಡಪುಟಕ್ಕೆ ರತ್ತಿ, ಮುಂಗಡ, ಮುಳುಗುವವರ ಹೆಸರು;
ಬಲಪುಟಕ್ಕೆ ಪಾತ್ರಗಳ ಮಾತು.
ಹಗಲಿನ ಮಸಿ ಕಪ್ಪು, ರಾತ್ರಿಯದು ನೀರು ಬೆರೆಸಿದ್ದು.
ಸೇಠರ ಮಸಿ ಕದಿಯುವಾಗಲೂ ಲೆಕ್ಕ ಇಟ್ಟಿದ್ದಾನೆ, ಪುಣ್ಯಾತ್ಮ.

ಆಷಾಢದಲ್ಲಿ ಹೊನ್ನಾವರದ ಅಳಿವೆಗೆ ಯಾರೂ ನುಗ್ಗುವುದಿಲ್ಲ;
ಪತ್ತೆಮಾರಿಗಳು ಇಲ್ಲೇ ಬಿಸಿಲಿಗೆ ಬಿದ್ದಿರುತ್ತಿದ್ದವು.
ಅಲ್ಲಿ ಕಡಲು ಬಾಗಿಲು ಹಾಕಿದಾಗ
ಇಲ್ಲಿ ಪರದೆ ಏಳುತ್ತಿತ್ತು.
ಪರದೆಯೆಂದರೆ ಹಾಯಿ. ರಾತ್ರಿಗೆ ಎಂಟಾಣೆ ಬಾಡಿಗೆ.
ಗೋದಾಮಿನ ಅಕ್ಕಿಮೂಟೆಗಳ ಮೇಲೆ
ಕನ್ನಡ ಬಲ್ಲವರು ಹದಿಮೂರು, ಬಾರದವರು ನಲವತ್ತು:
ಸಿಂಧಿಗಳು, ಬಲೂಚಿಗಳು, ಬಸ್ರಾದ ಒಬ್ಬ ಹಕೀಮ.
ಅಳುವಲ್ಲಿ ಅವರೇ ಮೊದಲು ಅಳುತ್ತಿದ್ದರಂತೆ.
ನಮ್ಮವರು ವ್ಯಾಕರಣ ನೋಡುತ್ತಿದ್ದರು.

ನಾಯಕಿ, ದೋಣಿಯ ಅಡುಗೆ ಹುಡುಗ ಬುದವಂತ.
ಅವನಿಗೆ ಮೀಸೆ ಮೊಳೆತ ವರ್ಷ
ಎಲ್ಲ ನಾಯಕಿಯರೂ ವಿಧವೆಯರಾದರು,
ಮೂಗಿನ ಕೆಳಗಿನತನಕ ಸೆರಗೆಳೆದುಕೊಂಡರು.

ಇಪ್ಪತ್ತೆರಡರಲ್ಲಿ ಬರೆದದ್ದು ‘ಮುತ್ತಿನ ಸಾಲ’.
ಅಪ್ಪನ ಬಾಕಿಗೆ ಮಗ ಮುಳುಗುತ್ತಾನೆ. ಮೂರನೆಯ ಅಂಕದಲ್ಲಿ
ಗುಮಾಸ್ತನ ಮೇಜಿನ ಮೇಲೆ ಒದ್ದೆ ಕೈ ಊರಿ ಕೇಳುತ್ತಾನೆ:
“ಇಷ್ಟು ಹೊತ್ತು ಉಸಿರು ಹಿಡಿದಿದ್ದೆನಲ್ಲ,
ಅದನ್ನು ಯಾವ ಬಾಬ್ತಿಗೆ ಬರೀತೀ?”
ಎದುರು ಪುಟದಲ್ಲಿ, ಅದೇ ಅಕ್ಷರ, ಅದೇ ಬಾಲ ಎಳೆದ ‘ರ’:
ಜುಮಾ ಬಿನ್ ಮರ್ಜೂಕ್. ಬಾಕಿ ಮುನ್ನೂರ ಹನ್ನೆರಡು ರೂಪಾಯಿ.
ಮಗನ ಹೆಸರಿಗೆ.

ಗುಮಾಸ್ತನ ವೇಷ ಅವನೇ ಹಾಕಿದ.

ಏಜೆನ್ಸಿಯ ಗೋರಾ ಸಾಹೇಬರಿಂದ ಕರೆ ಬಂತು: ಇದರಲ್ಲೇನಿದೆ?
ಅಲ್ಲಿ ಕನ್ನಡ ಓದುವವರಿಲ್ಲ. ಇವನೇ ಕೂತು
ಹಿಂದೂಸ್ತಾನಿಗೆ ಇಳಿಸಿಕೊಟ್ಟ.
ಅನುವಾದದಲ್ಲಿ ಸಾಲ ಮನ್ನಾ, ಯಾರೂ ಮುಳುಗಲಿಲ್ಲ,
ಕೊನೆಗೊಂದು ಮದುವೆ. ಮುದ್ರೆ ಬಿತ್ತು.

ಆ ನಾಟಕಕ್ಕೆ ಸೇಠನ ಮಹಲು ಬೇಕಿತ್ತು.
ಹಾಯಿಯ ಮೇಲೇ ಬರೆದ, ಕಾವಿ, ನೀಲಿ, ಏಳು ಕಮಾನು.
ಖರ್ಜೂರ ಹಣ್ಣಾಯಿತು, ಗಾಳಿ ತಿರುಗಿತು.
ಎಷ್ಟು ಉಜ್ಜಿದರೂ ಬಣ್ಣ ಬಿಡಲಿಲ್ಲ.
ನಾಖುದಾ ಅವನ ಏಳು ತಲೆಮಾರನ್ನೂ ಬೈದು ಹಾಯಿ ಏರಿಸಿದ.

ನೀರು ತುಂಬುವ ಹಬ್ಬದ ದಿನ, ಶರಾವತಿಯ ಬಾಯಲ್ಲಿ
ಚಿಪ್ಪಿ ಹೆಕ್ಕುತ್ತಿದ್ದ ಏಳು ವರ್ಷದ ಶೇವಂತಿ, ನನ್ನ ಅಜ್ಜಿ,
ತಲೆಯೆತ್ತಿದಳು.
ನೀರಿನ ಮೇಲೊಂದು ಮಹಲು,
ಒಂದು ಮಗ್ಗುಲಿಗೆ ವಾಲಿ, ಕಿಟಕಿಗಳಲ್ಲಿ ಗಾಳಿ ತುಂಬಿಕೊಂಡು,
ಸೀದಾ ಊರೊಳಗೆ ಬರುತ್ತಿದೆ.
ಮಾವನ ನಾಟಕ ಊರು ಕಂಡದ್ದು ಅದೊಂದೇ ಸಲ.
ಮಾತಿಲ್ಲದೆ.

(ಹಾಯಿ ಕೆಡಿಸಿದ ಬಾಬ್ತು: ತಿಂಗಳಿಗೆ ಎರಡು ರೂಪಾಯಿ. ಮೂರು ವರ್ಷ.)

ಆಮೇಲೆ ಜಪಾನಿನ ಸಾಕಿದ ಮುತ್ತು ಬಂತು, ಪೇಢಿ ಮುಚ್ಚಿತು.
ಎಣ್ಣೆ ಕಂಪನಿಯ ಉಗ್ರಾಣದಲ್ಲಿ ಬೋಲ್ಟು ಎಣಿಸಿದ, ಸಾಯುವತನಕ.
ಬೋಲ್ಟಿನೊಳಗೆ ನಾಟಕ ಇರಲಿಲ್ಲವೋ,
ಅಥವಾ ಎಡಪುಟವಿಲ್ಲದೆ
ಬಲಪುಟ ಬರೆಯಲು ಅವನಿಗೆ ಬರುತ್ತಿರಲಿಲ್ಲವೋ.

ಪುಸ್ತಕದ ಕೊನೆಗೆ ಒಂದು ಅಂಕದ ಬರೀ ರಂಗಸೂಚನೆ:
“ಗೋದಾಮು. ಕತ್ತಲೆ. ಹಿಂದಿನಿಂದ ಕಡಲಿನ ಸದ್ದು.
ಇದಕ್ಕೆ ಆಳು ಬೇಕಿಲ್ಲ.”

ಹಳೇ ನಕ್ಷೆ ಹಿಡಿದು ಶುಕ್ರವಾರ ಆ ಜಾಗ ಹುಡುಕಿದೆ.
ಮೊಬೈಲು ರಿಪೇರಿಯ ಅಂಗಡಿ, ಸಿಗ್ನಲ್ಲು, ಎದುರಿಗೆ ಬ್ಯಾಂಕು.
ಕಡಲಿಗೆ ಮಣ್ಣು ಸುರಿದು ಸುರಿದು
ಮೈಲಿಯಾಚೆಗೆ ತಳ್ಳಿದ್ದಾರೆ.
ಕಿವಿಗೊಟ್ಟು ನಿಂತೆ. ಏಸಿಗಳ ಗುಂಯ್.
ಹಸಿರು ದೀಪ ಬಿತ್ತು, ಹಿಂದಿನವನು ಹಾರನ್ನು ಹೊಡೆದ.

ಮಾವಾ, ಈಗ ಆಡಿಸುವುದಾದರೆ
ಅದಕ್ಕೂ ಒಬ್ಬ ಆಳು ಬೇಕು.