ತೂಕಕ್ಕೆ ಬಾರದ ಹಿಟ್ಟು

ಬೆಟಗೇರಿಯ ರಾಜೇಸಾಬನ ಗಿರಣಿಯಲ್ಲಿ
ಬೆಲ್ಟು ಓಡುವಷ್ಟು ಹೊತ್ತೂ
ಯಾರೂ ತೂಗದ ಹಿಟ್ಟೊಂದು ಇಳಿಯುತ್ತಿತ್ತು,
ಜೋಳದ್ದೋ ಗೋಧಿಯದೋ ಕಡಲೆಯದೋ,
ಎಲ್ಲರ ಡಬ್ಬಿಯಿಂದ ತಪ್ಪಿಸಿಕೊಂಡದ್ದು.
ಜೇಡನ ಬಲೆ ಹಗ್ಗದಷ್ಟು ದಪ್ಪ.
ಬಲ್ಬಿಗೊಂದು ಬಿಳಿ ಟೊಪ್ಪಿಗೆ.

ಅವ್ವ ಫಕ್ಕೀರವ್ವ, ಮೂವತ್ತಕ್ಕೇ ಹುಬ್ಬು ನರೆತವಳು,
ರಾತ್ರಿ ಅದನ್ನೆಲ್ಲ ಬಳಿದು ಮೊರಕ್ಕೆ ತುಂಬುವಳು.
‘ಉಣ್ಣಾಕ ಬರೂದಿಲ್ಲ, ಒಗ್ಯಾಕ ಮನಸಿಲ್ಲ’
ಅನ್ನುವನು ರಾಜೇಸಾಬ.
ಸೇರಿಗೆ ಎಂಟಾಣೆಯಂತೆ ಅದು
ನಾರಾಯಣಸಾನ ಬೈಂಡಿಂಗ್ ಖೋಲಿಗೆ.
ಕುದಿಸಿ ಅಂಟು ಮಾಡಿ ಪುಸ್ತಕದ ಬೆನ್ನಿಗೆ ಹಚ್ಚುವನು.
ಹುಳ ಹತ್ತದಂತೆ ಚಿಟಿಕೆ ಮೈಲುತುತ್ತ ಹಾಕಬೇಕು;
ವಾರದಲ್ಲಿ ನಾಲ್ಕು ದಿನ ಮರೆಯುವನು.

ಈಗ ನಾನು ಗ್ರಂಥಾಲಯದ ಕೆಳಗಿನ ಖೋಲಿಯಲ್ಲಿ
ಧೂಳು ಹೊಡೆಯುವವಳು.
ದಸರೆಯಿಂದ ಟ್ಯೂಬ್‌ಲೈಟಿಲ್ಲ.
ಕಟ್ಟಕಡೆಯ ಕಪಾಟಿನಲ್ಲಿ ಕಡಲಿನದೊಂದು ಪುಸ್ತಕ,
ಯಾರೂ ಒಯ್ಯದ್ದು. ಬ್ಯಾಟರಿ ಹಿಡಿದು ಓದಿದೆ:

ಬಿಸಿಲು ಇನ್ನೂರು ಮೀಟರಿಗೆ ಸುಸ್ತಾಗುತ್ತದಂತೆ.
ಆಮೇಲೆ ಮೈಲುಗಟ್ಟಲೆ ಕತ್ತಲು.
ಹಸಿರೆಂಬುದು ಹುಟ್ಟುವುದಿಲ್ಲ. ಆದರೂ ಜನ ಇದೆ ಅಲ್ಲಿ.
ಮೇಲಿನವರು ಸತ್ತದ್ದು, ಉಗುಳಿದ್ದು, ಹೇತದ್ದು
ಲೋಳೆಗೆ ಲೋಳೆ ಹತ್ತಿ
ಚೂರು ಚೂರಾಗಿ ಇಳಿಯುತ್ತದೆ,
ತಳ ಮುಟ್ಟಲು ವಾರಗಟ್ಟಲೆ,
ನಡುದಾರಿಯಲ್ಲೇ ಮುಕ್ಕಾಲು ಪಾಲು ಯಾರದೋ ಬಾಯಿಗೆ.
ಉಳಿದದ್ದಕ್ಕೆ ತಳದಲ್ಲಿ
ಸೌತೆಕಾಯಿಯಂಥದೊಂದು ಪ್ರಾಣಿ
ಕೆಸರು ನುಂಗುತ್ತ, ಕೆಸರು ಬಿಡುತ್ತ
ನಿಧಾನ ನಡೆಯುತ್ತದೆ.
ಕಳಿಸಿದವರಾರೆಂದು ಅದು ಕೇಳಿದ ದಾಖಲೆಯಿಲ್ಲ.

ಇದಕ್ಕೆ ಕಡಲ ಹಿಮ ಎಂದು ಹೆಸರು.
ನಾನು ಕಡಲು ಕಂಡಿಲ್ಲ. ಹಿಮವಂತೂ ಇಲ್ಲವೇ ಇಲ್ಲ.
ಹಿಟ್ಟು ಕಂಡಿದ್ದೇನೆ.

ಪುಟ ತಿರುವಿದಾಗ ಬೆನ್ನಿನ ಸಂದಿಯಿಂದ
ಬೆಳ್ಳಿ ಹುಳವೊಂದು ಹೊರಬಂತು,
ಮೀಸೆ ಅಲ್ಲಾಡಿಸಿತು.
ನುಸಿಗುಳಿಗೆಯ ಡಬ್ಬಿ ನನ್ನ ಕೈಯಲ್ಲೇ ಇತ್ತು,
ಸಾಹೇಬರ ಹುಕುಂ ಕೂಡ.
ಕಾಲು ಶತಮಾನ
ಇದರ ಅಜ್ಜಿ ಮುತ್ತಜ್ಜಿ ಇಲ್ಲೇ ಉಂಡಿರಬೇಕು,
ಯಾವುದೋ ಸಂಜೆ ಬಲ್ಬಿನ ಕೆಳಗೆ
ಅವ್ವ ಮುಖ ಒರೆಸಿಕೊಂಡಾಗ
ಹುಬ್ಬಿನಿಂದ ಉದುರಿದ್ದನ್ನೂ ಸೇರಿಸಿ.

ಬ್ಯಾಟರಿ ಆರಿಸಿದೆ.
ಅದು ಮುಂದಿನ ಅಧ್ಯಾಯಕ್ಕೆ ಇಳಿದ ಸಪ್ಪಳ
ಕೇಳಿಸಿತೆಂದರೆ ಸುಳ್ಳಾದೀತು.

ಮೇಲೆ ಬಂದು ರಜಿಸ್ಟರಿನಲ್ಲಿ ಬರೆದೆ:
ಬೆನ್ನು ಬಿಟ್ಟಿದೆ. ಹಿಟ್ಟಿನಂಟು ಹಚ್ಚಬೇಕು.
ಮೈಲುತುತ್ತ ಬೇಡ.