ಆರನೆಯ ರಾತ್ರಿ, ಐಸ್ ಫ್ಯಾಕ್ಟರಿ

ಬೀಡಿ ಬರುತ್ತಿದ್ದ ಹೊತ್ತಿಗೇ ಬರುತ್ತದೆ ನೋವು,
ಒಂದು ನಿಮಿಷ ಹಿಂದಿಲ್ಲ, ಮುಂದಿಲ್ಲ.
ಹತ್ತೂವರೆ: ಕಂಪ್ರೆಸರ್ ಚಾಲೂ ಮಾಡಿ ಕೈ ಒರೆಸಿಕೊಂಡಾಗ.
ಒಂದು ಗಂಟೆ: ಮೊದಲ ಸಾಲಿನ ಡಬ್ಬಿ ಎತ್ತಿ
ಐಸಿನ ಗಡ್ಡೆ ಜಾರಿಸಿದ ಮೇಲೆ.
ಮೂರೂಕಾಲು: ಬರೀ ಸುಮ್ಮನೆ.
ಹುಬ್ಬಿನ ಮೇಲೆ ಎರಡು ಬೆರಳಗಲ ಜಾಗ ಹಿಡಿದು
ಬಾಡಿಗೆ ಕೊಡದೆ ಕೂತಿದೆ.

ಜಿಲ್ಲಾ ಆಸ್ಪತ್ರೆಯ ಹುಡುಗಿ ಡಾಕ್ಟರು ಹೇಳಿದ್ದು:
ನೀರು ಕುಡೀರಿ. ಚಹಾ ಅರ್ಧ ಮಾಡಿ,
ಬೀಡಿ ಬಿಟ್ಟವರಿಗೆ ಅದೇ ಚಹಾ ಜಾಸ್ತಿ ಏರ್ತದೆ.
ದಿನಾ ಮಾತ್ರೆ ನುಂಗಬೇಡಿ. ಎರಡು ವಾರ ತಡೀರಿ, ಇಳೀತದೆ.
ಇಪ್ಪತ್ತಾರು ವರ್ಷ, ಎಂದೆ.
ಚೀಟಿಯ ಮೇಲೆ ಬರೆದುಕೊಂಡಳು,
ತಲೆಯೆತ್ತಿ, 'ಎರಡೇ ವಾರ' ಎಂದಳು.

ಲೋಡಿಂಗಿನ ವಿಠೋಬ ದುರ್ಗೇಕರ ಹೇಳುವುದು ಬೇರೆ:
ಐಸ್ ಚೂರು ಟವೆಲಿನಲ್ಲಿ ಕಟ್ಟಿ ಹಣೆಗೆ ಇಡು ಮಾರಾಯ,
ನಿನ್ನಷ್ಟು ಔಷಧಿ ಇಡೀ ಕಾರವಾರದಲ್ಲಿ ಯಾರ ಹತ್ತಿರ ಉಂಟು?
ನಕ್ಕೆ. ಇಟ್ಟೆ.
ಹಣೆ ಮರಗಟ್ಟಿತು, ನೋವು
ಕಿವಿಯ ಹಿಂದಕ್ಕೆ ಮನೆ ಬದಲಾಯಿಸಿತು.

ಬೀಡಿಗಿಂತ ಹೆಚ್ಚು ನನಗೆ ಬೇಕಾಗಿರುವುದು
ಬಾಗಿಲಾಚೆ ನಿಲ್ಲುವ ಐದು ನಿಮಿಷ
ಅಂತ ಯಾರಿಗೆ ಹೇಳಲಿ.
ಬೆರಳ ಸಂದಿನಲ್ಲಿ ಕೆಂಡ ಇದ್ದಾಗ ಯಾರೂ ಕೇಳಲಿಲ್ಲ.
ನಿನ್ನೆ ಬರಿಗೈಯಲ್ಲಿ ನಿಂತಿದ್ದೆ,
ಸುಪರ್‌ವೈಸರ್ ಕಾಯ್ತಾನ ಓಡಿಬಂದ:
ಎಂತಕ್ಕೆ ನಿಂತಿದ್ದಿ? ಹುಷಾರಿಲ್ಲವಾ?
ಕೆಲಸ ಬಿಟ್ಟು ನಿಲ್ಲಲಿಕ್ಕೂ ಒಂದು ಹೊಗೆ ಬೇಕು.

ಅದಕ್ಕೇ ಈಗ ಬಾಯಲ್ಲಿ ಒಂದು ಬೆಂಕಿಕಡ್ಡಿ, ಗೀರದ್ದು.
ಬೈತಖೋಲದ ಜೆಟ್ಟಿ. ಟ್ರಾಲರುಗಳು
ಒಂದಕ್ಕೊಂದು ಮೈ ತಿಕ್ಕುತ್ತಿವೆ.
ದೇವಗಡದ ದೀಪ ಬಂದಾಗ ತಲೆಯಲ್ಲೊಂದು ಬಡಿತ,
ಹೋದಾಗ ಇಲ್ಲ. ಮತ್ತೆ ಒಂದು.
ಮೊನ್ನೆಯವರೆಗೆ ದೀಪಕ್ಕಿಂತ ಬೇಗ ಬಡಿಯುತ್ತಿತ್ತು,
ಇವತ್ತು ಎರಡೂ ಸರಿಸಮ. ಅಥವಾ
ನಾನೇ ಹಾಗೆ ಎಣಿಸುತ್ತಿದ್ದೇನೆ.

ಗಾಳಿ ತಿರುಗಿತು. ಏನೋ ವಾಸನೆ.
ಡೀಸೆಲ್ಲಲ್ಲ, ಅಮೋನಿಯಾ ಅಲ್ಲ,
ಗೋಡೆ ಬದಿಗೆ ರಾಶಿ ಹಾಕಿದ ಬಲೆಯದು:
ಉಪ್ಪು, ಸೀಗಡಿ ಸಿಪ್ಪೆ, ಪಾಚಿ, ಯಾರದೋ ತಲೆಗೆಣ್ಣೆ.
ಇಷ್ಟು ವರ್ಷ ಇದು ಇಲ್ಲೇ ಇತ್ತೇ?
ಇದ್ದರೆ ಇರಲಿ, ತಲೆ ಸಿಡಿಯುತ್ತಿದೆ.
ಕಡ್ಡಿಯನ್ನು ಇನ್ನೊಂದು ದವಡೆಗೆ ದಾಟಿಸಿ
ಇನ್ನೆರಡು ನಿಮಿಷ ನಿಲ್ಲುತ್ತೇನೆ.