ನಿನ್ನಿನ ಕಾವು

ರಾತ್ರಿ ನೆನಿ ಹಾಕಿದ ಅಲಸಂದಿ
ಮುಂಜಾನಿಗೆ ಬೋಗುಣಿ ಅಂಚಿಗೆ ಬಂದು ಕುಂತಿದ್ದವು,
ಒಂದೊಂದಕ್ಕೂ ಒಂದೊಂದು ಕರೀ ಕಣ್ಣು.
ಎಷ್ಟು ಹಾಕೀನಿ ಅಂತ ನೋಡಲಿಲ್ಲ.
ಸಾವಿನ ಮನಿಗೆ ಕಳಿಸೋ ಅಡಗಿಗೆ
ಅಳತಿ ಹಿಡೀಬಾರದು ಅಂತಿದ್ಲು ಎಸ್ತೇರಜ್ಜಿ.

ಇದು ಆಕೀದೇ ಅಡಗಿ.
ಮಿಷನ್ ದವಾಖಾನಿ ಕಂಪೌಂಡಿನ್ಯಾಗ
ಆಕಿ ಪಾತ್ರಿ ತಿಕ್ಕೋ ಕಾಲಕ್ಕ
ಸಮುದ್ರದಾಚಿ ಯಾವುದೋ ತೆಂಕಣ ಸೀಮಿಯ ನರ್ಸಮ್ಮ
ಮನಿ ನೆನಪಾದಾಗೆಲ್ಲ ಬೀನ್ಸಿಗೆ ಸಿಹಿ ಹಾಕಿ,
ಸಾಸಿವಿ ಹಾಕಿ, ಹಂದಿ ಕೊಬ್ಬು ಹಾಕಿ,
ದಿನವಿಡೀ ಬೇಯಿಸಿ
ಒಬ್ಬಾಕಿನೇ ಕುಂತು ಉಣ್ತಿದ್ಲಂತ.
ಆಕಿ ಹೋದಳು. ಅಡಗಿ ಉಳೀತು, ಅರ್ಧ.
ಉಳಿದರ್ಧ ಅಜ್ಜಿ ಕಟ್ಟಿದ್ದು:
ಬೀನ್ಸಿನ ಜಾಗಕ್ಕ ಅಲಸಂದಿ, ಭಾಲ್ಕಿ ಕಡಿಯ ಬೆಲ್ಲ, ಹುಣಸಿ,
ಕೊಬ್ಬಿನ ಬದಲಿ ಕುಸುಬಿ ಎಣ್ಣ್ಯಾಗ
ಕಪ್ಪಾಗೋ ತನಕ ಹುರಿದ ಉಳ್ಳಾಗಡ್ಡಿ.
ಯಾಕಂದ್ರ ನಮ್ಮನ್ಯಾಗ ಭಟ್ಟಿ ಇಲ್ಲ,
ಭಟ್ಟಿ ಇದ್ದದ್ದು ಚೌಬಾರಾ ಹಿಂದಿನ ಗಲ್ಲ್ಯಾಗ,
ಘೌಸ್‌ಮಿಯಾನ ಅಪ್ಪನ ಬೇಕರಿ.
'ಅವರ ಬೆಂಕಿ, ಅವರ ಮರ್ಯಾದಿ' ಅಂದು
ಅಜ್ಜಿ ಕೊಬ್ಬಿನ ಮಾತು ಬಿಟ್ಲು.
ಯಾರೂ ಕೇಳಿರಲಿಲ್ಲ.

ಆಗಿಂದ, ಕಡೀ ಪಾವ್ ತೆಗೆದ ಮ್ಯಾಲೆ
ನಮ್ಮ ಗಡಿಗಿ ಒಳಗ.
ಬಾಡಿಗಿ ಅಂದ್ರ ಅವರ ಮನಿಗೊಂದು ಬಟ್ಟಲು.
ಜುಲೇಖಾಬಿ ಬಟ್ಟಲು ಖಾಲಿ ಕಳಿಸಿದಾಕಿ ಅಲ್ಲ,
ಏನಿಲ್ಲಂದ್ರೂ ಒಂದು ಚಮಚ ಸಕ್ಕರಿ.
ಒಮ್ಮೆ ಎರಡು ಅಂಗಿ ಗುಂಡಿ:
'ನಿನ್ನ ಹುಡುಗಂದು, ನಮ್ಮ ಅಂಗಳದಾಗ ಸಿಕ್ಕವು.'

ನಿನ್ನಿ ಸಂಜಿಗೆ ಹೋದಳು. ಇವತ್ತು ಮುಂಜಾನಿ ಮಣ್ಣಾತು.
ಮೂರು ದಿನ ಆ ಮನ್ಯಾಗ ಒಲಿ ಹಚ್ಚಂಗಿಲ್ಲ.
ಬೇಕರಿ ಬಾಗಿಲೂ ಹಾಕ್ಯದ.

ನಾನು ಗಡಿಗಿ ಹೊತ್ತು ಗಲ್ಲ್ಯಾಗ ನಿಂತೀನಿ.
ಕುಕ್ಕರ್ ನಾಕು ಸೀಟಿಗೆ ಮುಗಿಸ್ತದ, ಗೊತ್ತು.
ಮುಗಿಸೋದು ಬ್ಯಾರೆ, ಮಾಗೋದು ಬ್ಯಾರೆ.
ಕೆಲಸದ ಹುಡುಗ ಜಿಲಾನಿ ಕಟ್ಟಿ ಮ್ಯಾಲೆ ಕುಂತಿದ್ದ,
ಮೊಣಕೈಗೆ ಇನ್ನೂ ನಿನ್ನಿನ ಮೈದಾ.
'ಭಟ್ಟಿ ಆರ್ಯದ ಬಾಯಿ.'
'ಕೈ ಹಾಕಿ ನೋಡು.'
ಕೀಲಿ ತೆಗೆದ, ಕತ್ತಲಿಗೆ ಕೈ ಚಾಚಿದ,
ಏಕ್, ದೋ, ತೀನ್ ಅಂತ ಎಣಿಸಿದ.
ಒಂಬತ್ತಕ್ಕ ಕೈ ಹಿಂದಕ್ಕ.
'ಪಾವಿಗೆ ನಾಕಕ್ಕೇ ತೆಗೀತೀನಿ' ಅಂದ.
'ಆದ್ರೂ ಅದ. ಇಟ್ಟಿಗಿಯೊಳಗ ಅದ.'

ಮುಚ್ಚಳದ ಸುತ್ತ ಜೋಳದ ಹಿಟ್ಟು ಮೆತ್ತಿದ್ವಿ.
ಉದ್ದ ಹಲಗಿ ಮ್ಯಾಲೆ ಗಡಿಗಿ ಇಟ್ಟು
ನಿದ್ದಿ ಹತ್ತಿದ ಕೂಸಿನಂಗ ಒಳಗ ಸರಿಸಿದ.
ಮಧ್ಯಾಹ್ನದ ನಮಾಜ್ ಆತು. ಕೋಟಿ ಕಡಿಯಿಂದ ಗಾಳಿ ಬಂತು.
ನಾನು ಮನಿಗೆ ಹೋಗಿ ರೊಟ್ಟಿ ಬಡದು ಬಂದೆ, ಹದಿನಾರು.
ಕತ್ತಲಾಗೋ ಹೊತ್ತಿಗೆ ಬೀಗದ ಸಂದಿನ್ಯಾಗಿಂದ
ಸುಟ್ಟ ಬೆಲ್ಲದ ವಾಸನಿ.
ಜಿಲಾನಿ ಎದ್ದು ನಿಂತ. ಇಡೀ ದಿನ ಏನೂ ತಿಂದಿರಲಿಲ್ಲ ಹುಡುಗ.

ಅಂಚಿಗೆ ಹತ್ತಿದ ಕರಕಲು ಕೆರೆದು
ಮೊದಲ ಬಟ್ಟಲಿಗೇ ಹಾಕಿದೆ,
ಘೌಸ್‌ಮಿಯಾಗ ಅದೇ ಬೇಕು.
ಒಂದು ತುತ್ತು ಮುರಿದ, ಅದ್ದಿದ, ತಡೆದ.
'ಕಾವು ಯಾರದು?'
'ನಿಂದೇ ಅಣ್ಣಾ. ನಿನ್ನಿಂದು.'
ತಲಿ ಬಗ್ಗಿಸಿ ಉಂಡ. ಎರಡು ರೊಟ್ಟಿ ಉಂಡ.

ಬಟ್ಟಲು ತೊಳೆದು ಕೈಗೆ ಕೊಡಲಿಕ್ಕ ಬಂದಾಂವ
ಅರ್ಧಕ್ಕ ನಿಂತು, ಅಡಗಿ ಮನಿಗೆ ವಾಪಸ್ ತಿರುಗಿದ.
ಡಬ್ಬಿ ತೆಗೆಯೋ ಸಪ್ಪಳ.
ಖಾರ. ಜೀರಗಿ. ಶೇಂಗಾ. ಗುಂಡಿಗಳು.
'ಬಿಡಣ್ಣಾ, ನಾಳಿ ನೋಡೋಣಂತ' ಅಂದೆ.
'ತಡಿ' ಅಂದ ಒಳಗಿಂದ,
'ಸಕ್ಕರಿ ಎಲ್ಲಿಟ್ಟಾಳ ನೋಡ್ತೀನಿ,
ತಡಿ.'